ಅಜ್ಜಿ ಹೇಳಿದ್ದು ಹಾಗಲ್ಲ

“ನಿಮ್ಮಜ್ಜಿ ಏನಂದ್ರು? ಬೇಗ ಹೇಳಮ್ಮ,” ಅಂದರು ಅಧಿಕಾರಿ, ಪೆನ್ನು ಹಿಡಿದು.

ಮೆಣಸಿನಕಾಯಿ ಕಿಟಕಿಯತ್ತ ಕಣ್ಣು ಹಾಯಿಸಿದಳು. ಬಾಯಿ ಖಾರವೆಂದು ಮನೆಯಲ್ಲಿ ಅವಳಿಗೆ ಇಟ್ಟ ಹೆಸರದು. ಇವತ್ತು ಮಾತ್ರ ಆ ಬಾಯಿಗೆ ಬೀಗ ಬಿದ್ದಿತ್ತು.

ವಿಚಾರಣೆ ನಡೆಯುತ್ತಿದ್ದುದು ಅವಳ ಐದನೇ ಕ್ಲಾಸಿನ ರೂಮಿನಲ್ಲೇ. ಟೀಚರ್ ಕುರ್ಚಿಯಲ್ಲಿ ಅಧಿಕಾರಿ, ಮುಂದಿನ ಬೆಂಚಿನಲ್ಲಿ ಮರದ ಕಂಪನಿಯ ಮ್ಯಾನೇಜರ್, ಕಿಟಕಿಯ ತುಂಬ ಕ್ಲಾಸಿನವರ ತಲೆಗಳು.

ಅಜ್ಜಿಯ ಜನ ತಲೆತಲಾಂತರದಿಂದ ಬಾಳಿದ ಕಾಡನ್ನು ಕಡಿಯಲು ಕಂಪನಿ ಹೊರಟಿತ್ತು. ಒಂದು ತಿಂಗಳಿಂದ ಅಪ್ಪ, ಅಮ್ಮ, ಊರವರೆಲ್ಲ ಲಾರಿಗಳಿಗೆ ಅಡ್ಡವಾಗಿ ರಸ್ತೆಯಲ್ಲೇ ಕೂತಿದ್ದರು. ಪರಿಸರ ಸಂಘದ ಅಕ್ಕ ಆಫೀಸಿನಿಂದ ಆಫೀಸಿಗೆ ಅಲೆದು, ಚಪ್ಪಲಿ ಸವೆಸಿ, ಈ ವಿಚಾರಣೆ ಮಾಡಿಸಿದ್ದಳು.

ಅಜ್ಜಿಗೆ ಪೇಟೆಯ ಭಾಷೆ ಬಾರದು. ಕಂಪನಿ ಕರೆತಂದ ದುಭಾಷಿಯನ್ನು ಅವಳು ನಂಬಲಿಲ್ಲ. ಮೊಮ್ಮಗಳ ಕೈ ಹಿಡಿದು ಪಕ್ಕದಲ್ಲೇ ಕೂರಿಸಿಕೊಂಡಿದ್ದಳು.

ಅಜ್ಜಿ ಹೇಳಿದ್ದು ಇಷ್ಟೇ: “ಮರ ಕಡಿಯೋಕೆ ಬಂದ್ರೆ ನಾವು ಬುಡದಲ್ಲೇ ಮಲಗ್ತೀವಿ. ಅದೇನ್ ಮಾಡ್ತಾರೋ ಮಾಡ್ಲಿ, ಏಳೋದಿಲ್ಲ.”

ಆ ಭಾಷೆ ಕಿವಿಗೆ ಬಿದ್ದದ್ದೇ ತಡ, ಕಿಟಕಿಯಲ್ಲಿ ಕಿಸಕ್ಕೆಂದಿತು. ಮನೆಮಾತು ಆಡಿದಾಗಲೆಲ್ಲ ಶಾಲೆಯಲ್ಲಿ ಹೀಗೇ.

“ದಯವಿಟ್ಟು ಮರ ಕಡೀಬೇಡಿ ಅಂತಾರೆ, ಸಾರ್,” ಅಂದಳು ಮೆಣಸಿನಕಾಯಿ, ತಲೆ ತಗ್ಗಿಸಿ.

ಮ್ಯಾನೇಜರ್ ನಕ್ಕ. “ಅಷ್ಟೇನಾ! ಬೇರೆ ಸಸಿ ನೆಟ್ಟುಕೊಡೋಣ ಬಿಡಿ.”

ಅಜ್ಜಿ ಅವನ ಮುಖ ನೋಡಿದಳು. ಆಮೇಲೆ ಮೊಮ್ಮಗಳದ್ದು. “ನಾನು ಹೇಳಿದ್ದು ನಗೋ ಮಾತಲ್ಲ. ನೀನು ಏನಂದೆ?”

ಪಕ್ಕದಲ್ಲಿ ನಿಂತಿದ್ದ ಸಂಘದ ಅಕ್ಕನಿಗೆ ಏನೋ ಹೊಳೆಯಿತು. ಮೆಲ್ಲಗೆ ಅಂದಳು, “ನಿಮ್ಮ ಭಾಷೆ ನಂಗೆ ಬರಲ್ಲ ಪುಟ್ಟಿ. ಬಂದಿದ್ರೆ ನಾನೇ ಹೇಳ್ತಿದ್ದೆ.”

ಮೆಣಸಿನಕಾಯಿ ಎದ್ದು ನಿಂತಳು.

“ಸಾರ್, ಅಜ್ಜಿ ಹೇಳಿದ್ದು ಹಾಗಲ್ಲ. ತಪ್ಪು ನಂದು.”

ಈ ಸಲ ಅಜ್ಜಿಯ ಒಂದು ಮಾತನ್ನೂ ಬಿಡದೆ ಹೇಳಿದಳು. ಮ್ಯಾನೇಜರನ ನಗು ಅಲ್ಲೇ ಇಂಗಿತು. ಅಧಿಕಾರಿ ಬರೆದದ್ದನ್ನು ಹೊಡೆದುಹಾಕಿ ಹೊಸದಾಗಿ ಬರೆದರು.

“ನಾನೇ ಬಂದು ಕಾಡು ನೋಡ್ತೀನಿ. ಅಲ್ಲೀವರೆಗೆ ಯಾರೂ ಗರಗಸ ಎತ್ತೋ ಹಾಗಿಲ್ಲ. ಅಲ್ಲಿ ಯಾವ್ಯಾವ ಮರ ಇದೆ, ಅಜ್ಜಿ ಹೆಸರು ಹೇಳ್ಲಿ.”

ಅಜ್ಜಿ ಕಣ್ಣು ಮುಚ್ಚಿ, ಕಾಡಿನಲ್ಲಿ ನಡೆಯುತ್ತಿರುವವಳ ಹಾಗೆ ಒಂದೊಂದೇ ಹೆಸರು ಹೇಳತೊಡಗಿದಳು. ನಾಲ್ಕನೆಯದಕ್ಕೆ ಅಧಿಕಾರಿಯ ಪೆನ್ನು ನಿಂತಿತು.

“ಇದಕ್ಕೆ ನಮ್ಮ ಭಾಷೇಲಿ ಏನಂತಾರೆ?”

ಮೆಣಸಿನಕಾಯಿ ಯೋಚಿಸಿದಳು. ಸೈನ್ಸ್ ಪುಸ್ತಕದಲ್ಲೂ ಆ ಮರ ಇರಲಿಲ್ಲ.

“ನಿಮ್ಮಲ್ಲಿ ಅದಕ್ಕೆ ಹೆಸರಿಲ್ಲ, ಸಾರ್. ನಮ್ಮದನ್ನೇ ಬರ್ಕೊಳ್ಳಿ.”

ಅವಳು ಅಕ್ಷರ ಬಿಡಿಸಿ ಬಿಡಿಸಿ ಹೇಳಿದಳು. ಅವರು ಬರೆದದ್ದನ್ನು ಇಣುಕಿ ನೋಡಿದಳು.

“ಕೊನೇಲಿ ದೀರ್ಘ ಬರುತ್ತೆ, ಸಾರ್.”

ಅಧಿಕಾರಿ ತಿದ್ದಿದರು. ಆ ಕ್ಲಾಸಿನಲ್ಲಿ ಅವಳ ಮನೆಮಾತನ್ನು ಯಾರಾದರೂ ಬರೆದದ್ದು ಅದೇ ಮೊದಲು. ಕಾಗದದ ಮೇಲೆ ಅದು ಚೆನ್ನಾಗಿಯೇ ಕಾಣುತ್ತಿತ್ತು.

“ಮುಂದಿನದು, ಅಜ್ಜಿ,” ಅಂದಳು, ಎಲ್ಲರಿಗೂ ಕೇಳುವಂತೆ, ಅಜ್ಜಿಯ ಭಾಷೆಯಲ್ಲೇ.