ಬೇಸಿನ್ ತಿಕ್ಕಿ ಹೋದ ಕಳ್ಳಿ

1994ರ ಅಕ್ಟೋಬರ್ 11, ಮಂಗಳವಾರ. ಬೆಳಿಗ್ಗೆ ಒಂಬತ್ತು ಇಪ್ಪತ್ತಕ್ಕೆ ಪೋರ್ಟ್‌ಬ್ರಾಕ್ ಠಾಣೆಯ ಬಾಗಿಲು ತಳ್ಳಿಕೊಂಡು ಬಂದ ಡೊಲೊರೆಸ್ ಮೀಹನ್ ಕುರ್ಚಿ ತೋರಿಸಿದರೂ ಕೂರಲಿಲ್ಲ. ಡೊನೆಗಲ್ ಕರಾವಳಿಯ ಈ ಮೀನುಗಾರರ ಊರಿನ ಹೆಂಗಸರೆಲ್ಲ ಇಪ್ಪತ್ತು ವರ್ಷಗಳಿಂದ ತಲೆ ಕೊಡುತ್ತಿದ್ದುದು ಇವಳ ಕತ್ತರಿಗೇ.

"ಕಳ್ಳತನ ಆಗಿದೆ ಸಾರ್ಜೆಂಟ್ರೇ."

"ಏನು ಹೋಯ್ತು?"

"ಒಂದು ಚೀಟಿ."

ಸಾರ್ಜೆಂಟ್ ಮಲಾಕಿ ಡೆವೆನಿ ಪೆನ್ನಿನ ಮುಚ್ಚಳ ತೆಗೆಯುವುದನ್ನು ಅರ್ಧಕ್ಕೇ ನಿಲ್ಲಿಸಿದ. ಪಕ್ಕದ ಮೇಜಿನ ಕಾನ್‌ಸ್ಟೇಬಲ್ ನೋರೀನ್ ಗಿಲೆಸ್ಪಿ ನಗು ಬಚ್ಚಿಡಲು ಕಿಟಕಿಯ ಕಡೆ ತಿರುಗಿದಳು.

"ಜೊತೆಗೆ ಒಂದು ಬಣ್ಣದ ಟ್ಯೂಬು. ತಾಮ್ರಗೆಂಪು."

"ಗಲ್ಲಾಪೆಟ್ಟಿಗೆ?"

"ಮುಟ್ಟಿಲ್ಲ. ಅದನ್ನಾದ್ರೂ ಒಡೆದಿದ್ರೆ ನಾನು ನೆಮ್ಮದಿಯಾಗಿ ಮಲಗ್ತಿದ್ದೆ."

ಡೊಲೊರೆಸ್ ವಿವರಿಸಿದಳು. ಬಣ್ಣ ಹಚ್ಚಿಸಿಕೊಳ್ಳುವ ಪ್ರತಿ ಗಿರಾಕಿಗೂ ಒಂದು ಚೀಟಿ. ಯಾವ ಬಣ್ಣ, ಎಷ್ಟು ಬೆರಕೆ, ಎಷ್ಟು ನಿಮಿಷ, ಎಲ್ಲ ಅದರಲ್ಲಿರುತ್ತದೆ. ಚೀಟಿಗಳೆಲ್ಲ ಬಿಸ್ಕತ್ತಿನ ಡಬ್ಬಿಯಲ್ಲಿ ಕಪಾಟಿನ ಮೇಲೆ.

"ಹೋಗಿದ್ದು ಯಾರ ಚೀಟಿ?"

"ಹದಿನಾಲ್ಕು ವರ್ಷದಿಂದ ಪಾದ್ರಿಗೂ ಬಾಯಿ ಬಿಟ್ಟಿಲ್ಲ ನಾನು."

"ಪಾದ್ರಿ ಕಳ್ಳನ್ನ ಹಿಡಿಯಲ್ಲ, ತಾಯಿ. ಹೇಳು."

ಡೊಲೊರೆಸ್ ನೋರೀನಳನ್ನು ಒಮ್ಮೆ ನೋಡಿ ದನಿ ತಗ್ಗಿಸಿದಳು. "ಉನಾ ಬೈರ್ನ್."

"ಕಾಂಡಿ ಬೈರ್ನ್ ಸೊಸೆ? ಅವಳ ಕೂದಲು ಕಂದು ಅಲ್ವಾ?"

"ನನ್ನ ದಯದಿಂದ ಕಂದು. ಬುಡದಲ್ಲಿ ಕೆಂಚಿ, ಅಪ್ಪಟ ಕೆಂಚಿ. ಕೆಂಪು ಸುಲಭಕ್ಕೆ ಸಾಯೋ ಬಣ್ಣ ಅಲ್ಲ ಸಾರ್ಜೆಂಟ್ರೇ. ಮೇಲೆ ಬರೀ ಕಂದು ಬಳಿದ್ರೆ ಬಿಸಿಲಿಗೆ ಹೋದ ತಕ್ಷಣ ಕಿತ್ತಳೆ ಇಣುಕುತ್ತೆ. ಒಂದು ಚೂರು ಬೂದಿಬಣ್ಣ ಸೇರಿಸಬೇಕು, ಮೂರು ವಾರಕ್ಕೊಮ್ಮೆ ಬುಡ ಮುಚ್ಚಬೇಕು. ಹದಿನಾಲ್ಕು ವರ್ಷ ಒಂದು ವಾರ ತಪ್ಪಿಸಿಲ್ಲ ಆ ಹೆಣ್ಣು."

ಇಬ್ಬರು ಪೊಲೀಸರೂ ಈಗ ನಗಲಿಲ್ಲ. ದೋಣಿಗೆ ಹೋಗುವ ದಾರಿಯಲ್ಲಿ ಕೆಂಗೂದಲಿನ ಹೆಣ್ಣು ಎದುರಾದರೆ ಈ ಕರಾವಳಿಯ ಗಂಡಸರು ಮಾತಿಲ್ಲದೆ ಮನೆಗೆ ಹಿಂತಿರುಗುತ್ತಾರೆ, ಅಂದು ಸಮುದ್ರಕ್ಕೆ ಇಳಿಯುವುದಿಲ್ಲ. ಎರಡು ವರ್ಷಗಳ ಹಿಂದೆ ಕಾಂಡಿಯ ಕಿರಿಯ ಮಗ ಡೋನಲ್ ಸಮುದ್ರಕ್ಕೆ ಹೋದವನು ಬರಲಿಲ್ಲ, ದೇಹವೂ ಸಿಗಲಿಲ್ಲ. ಆ ಮನೆಯ ಗೇಟಿನೊಳಗೇ ಒಬ್ಬ ಕೆಂಚಿ ಇದ್ದಳೆಂದು ಮುದುಕನಿಗೆ ಗೊತ್ತಾದರೆ ಏನಾದೀತೆಂದು ಯಾರೂ ಬಿಡಿಸಿ ಹೇಳಬೇಕಿರಲಿಲ್ಲ.

ದೂರು ದಾಖಲಾಯಿತು. ಸಂಖ್ಯೆ 61/94.

ಹತ್ತೂ ಐದಕ್ಕೆ ಅಂಗಡಿಯ ಮಹಜರು. ಬೀಗ ಒಡೆದಿಲ್ಲ. ಹಿಂಬಾಗಿಲಿನ ಕೀಲಿಕೈ ಹೂಕುಂಡದ ಕೆಳಗಿರುತ್ತದೆಂಬುದು ಊರಿಗೆಲ್ಲ ಗೊತ್ತಿದ್ದ ಗುಟ್ಟು, ಆದ್ದರಿಂದ ಇಡೀ ಊರೇ ಶಂಕಿತರ ಪಟ್ಟಿಯಲ್ಲಿತ್ತು. ಬಾಗಿಲ ಚೌಕಟ್ಟಿನಲ್ಲಿ ಹೆಬ್ಬೆರಳಗಲದ ತಾಮ್ರಗೆಂಪು ಕಲೆ. ಖಾಲಿ ಟ್ಯೂಬು ಕಸದ ಬುಟ್ಟಿಯಲ್ಲಿ, ನೀಟಾಗಿ ಕಾಗದ ಸುತ್ತಿ ಇಟ್ಟದ್ದು.

"ಇಲ್ಲೇ ಕೂತು ಹಚ್ಚಿಕೊಂಡಿದ್ದಾಳೆ ಸರ್," ಎಂದಳು ನೋರೀನ್.

ತಲೆ ತೊಳೆಯುವ ಬೇಸಿನ್ ಮುಂದೆ ನಿಂತ ಡೊಲೊರೆಸ್ ಹುಬ್ಬು ಗಂಟಿಕ್ಕಿದಳು. "ಇದೇನಿದು? ಶನಿವಾರ ಸಂಜೆ ಎಲ್ಲರೂ ಹೋದ ಮೇಲೆ ನನ್ನ ತಲೆಗೂ ಬಣ್ಣ ಹಚ್ಚಿಕೊಂಡು ಬೇಸಿನ್ ಕೊಳಕಾಗೇ ಬಿಟ್ಟಿದ್ದೆ. ಭಾನುವಾರ, ಸೋಮವಾರ ಅಂಗಡಿ ಮುಚ್ಚಿತ್ತು."

ಬೇಸಿನ್ ಫಳಫಳ ಹೊಳೆಯುತ್ತಿತ್ತು. ನಲ್ಲಿಯ ಹಿಂದೆ, ಯಾರ ಕಣ್ಣೂ ಹೋಗದ ಸಂದಿಯಲ್ಲಿ ಕೂಡ ಕೊಳೆ ಇರಲಿಲ್ಲ.

"ಕದ್ದು ಹೋದವಳು ಸರಿ," ಎಂದ ಸಾರ್ಜೆಂಟ್. "ಕದ್ದ ಮನೆಯ ಪಾತ್ರೆ ತಿಕ್ಕಿಟ್ಟು ಹೋಗೋ ಕಳ್ಳಿ ಯಾವಳು? ಇಲ್ಲಿ ಗುಡಿಸೋರು ಯಾರು?"

"ಹ್ಯಾನಾ ಟೋಲನ್. ಮಂಗಳವಾರ ಬೆಳಿಗ್ಗೆ, ಶನಿವಾರ ಸಂಜೆ. ಇವತ್ತು ನೆಗಡಿ ಅಂತ ಹೇಳಿ ಕಳಿಸಿದ್ಲು. ಅಯ್ಯೋ, ಅವಳಲ್ಲ ಬಿಡಿ. ಬಂದು ಎಂಟು ತಿಂಗಳಾಯ್ತು, ಒಂದು ಪಿನ್ನು ಬಿದ್ದಿದ್ರೂ ಎತ್ತಿಡ್ತಾಳೆ. ಅವಳ ತಲೆ ನನ್ನ ಟವೆಲ್‌ಗಿಂತ ಬೆಳ್ಳಗಿದೆ."

ಹನ್ನೊಂದೂವರೆಗೆ ಉನಾ ಬೈರ್ನ್ ಹೇಳಿಕೆ. ಮನೆ ದೋಣಿಕಟ್ಟೆಯ ರಸ್ತೆಯಲ್ಲೇ ಇತ್ತು. ಉನಾಳಿಗೆ ಮೂವತ್ತೇಳು ವರ್ಷ, ಒಳನಾಡಿನಿಂದ ಮದುವೆಯಾಗಿ ಬಂದವಳು. ಮದುವೆಯ ಹಿಂದಿನ ವಾರವೇ ಗಂಡ ಈಮನ್ ಅವಳನ್ನು ಡೊಲೊರೆಸ್ ಹತ್ತಿರ ಕರೆದೊಯ್ದಿದ್ದ. ಅವಳು ಆಲೂಗಡ್ಡೆ ಸಿಪ್ಪೆ ತೆಗೆಯುತ್ತಲೇ ಉತ್ತರಿಸಿದಳು.

"ಯಾರಾದ್ರೂ ಹೆದರಿಸಿದ್ರಾ? ಕಾಗದ, ಫೋನು?"

"ಇಲ್ಲ."

"ಮಾವನಿಗೆ ಗೊತ್ತಾದ್ರೆ ಏನ್ ಮಾಡ್ತಾರೆ?"

"ಏನೂ ಮಾಡಲ್ಲ. ಬೈಯಲ್ಲ, ಹೊಡಿಯಲ್ಲ. ಇನ್ನೊಂದು ಸಲ ನನ್ನ ಮುಖ ನೋಡಲ್ಲ, ಅಷ್ಟೆ." ಚಾಕು ನಿಂತಿತು. "ಡೋನಲ್ ಹೋದ ಬೆಳಿಗ್ಗೆ ಗೇಟಿನ ಹತ್ರ ಚಹಾದ ಫ್ಲಾಸ್ಕ್ ಕೊಟ್ಟವಳು ನಾನೇ ಸಾರ್ಜೆಂಟ್ರೇ. ಬಣ್ಣ ಹಚ್ಚಿಸಿ ಮೂರು ವಾರ ಮುಗಿದಿತ್ತು. ಬುಡ ಕಾಣ್ತಿತ್ತೋ ಏನೋ ಅಂತ ಎರಡು ವರ್ಷದಿಂದ ನನ್ನನ್ನೇ ಕೇಳ್ಕೊಳ್ತಾ ಇದೀನಿ."

ಇದನ್ನು ಹೇಳಿಕೆಯಲ್ಲಿ ಬರೆಯಬೇಡವೆಂದು ಸಾರ್ಜೆಂಟ್ ನೋರೀನಳಿಗೆ ಕಣ್ಣಲ್ಲೇ ಹೇಳಿದ.

ಒಂದೂ ಕಾಲಿಗೆ ಅವರು ದೋಣಿಕಟ್ಟೆಗೆ ಹೋದರು. ಕಾಂಡಿ ಬೈರ್ನ್ ಹಲಗೆಯ ಮೇಲೆ ಕೂತು ಬಲೆ ಹೆಣೆಯುತ್ತಿದ್ದ. ನಿನ್ನೆ ಅವನ ದೋಣಿ ಕಟ್ಟೆ ಬಿಟ್ಟಿರಲಿಲ್ಲವೆಂಬ ಸುದ್ದಿ ಸಾರ್ಜೆಂಟನಿಗೆ ಚಹಾ ಅಂಗಡಿಯಲ್ಲೇ ಸಿಕ್ಕಿತ್ತು.

"ಸಮುದ್ರ ಕನ್ನಡಿ ಹಾಗಿತ್ತಲ್ಲ ಯಜಮಾನ್ರೇ, ನಿನ್ನೆ ಯಾಕೆ ಹೋಗ್ಲಿಲ್ಲ?"

"ಹೇಳಿದ್ರೆ ನೀನು ನಗ್ತೀಯ. ಸರಕಾರಿ ಅನ್ನ ತಿನ್ನೋನು, ನಗು. ಬೆಳಿಗ್ಗೆ ಏಳೂ ಹತ್ತಕ್ಕೆ ಗೇಟು ತೆಗೀತೀನಿ, ಎದುರುಗಡೆ ಬೇಲಿ ಹತ್ರ ನಿಂತಿದ್ದಾಳೆ ಕೆಂಚಿ! ಕೂದಲು ಬಿಚ್ಚಿ ಹಾಕ್ಕೊಂಡು, ಹದಿನೆಂಟರ ಹುಡುಗಿ ಹಾಗೆ. ಉಗಿದು ವಾಪಸ್ ಒಳಗೆ ಹೋದೆ."

"ಮುಖ?"

"ಕೆಂಚಿ ಮುಖ ಯಾರು ನೋಡ್ತಾರಯ್ಯ! ತಿರುಗಿ ಹೊರಟಾಗ ನೋಡ್ದೆ. ಕೂದಲು ಹುಡುಗೀದು, ನಡಿಗೆ ಮುದುಕೀದು. ಎಡಗಾಲು ಎಳೀತಿದ್ಲು."

"ಊರಲ್ಲಿ ಕೆಂಚಿಯರು ಎಷ್ಟು ಜನ?"

"ಇಬ್ರು. ಒಬ್ಳಿಗೆ ಹತ್ತು ವರ್ಷ, ಇನ್ನೊಬ್ಳು ಆಸ್ಪತ್ರೆಲಿದಾಳೆ. ನಮ್ಮ ದೋಣಿಗಳ ಹೊತ್ತು ಅವರಿಗೆ ಗೊತ್ತು, ಮರ್ಯಾದೆಯಿಂದ ಬೇರೆ ದಾರಿ ಹಿಡೀತಾರೆ."

ನೋರೀನ್ ಟಿಪ್ಪಣಿ ಪುಸ್ತಕ ಮುಚ್ಚಿದಳು. ಹ್ಯಾನಾ ಟೋಲನ್ ಎಡಗಾಲು ಎಳೆದು ನಡೆಯುವುದನ್ನು ಅವಳು ಪ್ರತಿ ಭಾನುವಾರ ಚರ್ಚಿನಲ್ಲಿ ನೋಡುತ್ತಿದ್ದಳು.

ಮೂರೂ ನಲವತ್ತಕ್ಕೆ ಹ್ಯಾನಾಳ ಬಾಡಿಗೆ ಕೋಣೆ. ಅವಳೇ ಬಾಗಿಲು ತೆರೆದಳು. ಐವತ್ತಾರರ ಬಡಕಲು ಹೆಂಗಸು, ತಲೆಗೆ ವಸ್ತ್ರ ಬಿಗಿದಿತ್ತು. ನೆಗಡಿಯ ಸುಳಿವೂ ಇರಲಿಲ್ಲ.

"ಹ್ಯಾನಾಮ್ಮ, ಡೊಲೊರೆಸ್ ಅಂಗಡಿಯ ಬೇಸಿನ್ ಬಹಳ ಚೆನ್ನಾಗಿ ಹೊಳೀತಿದೆ. ಏನು ಹಾಕಿ ತಿಕ್ಕಿದ್ರಿ?"

"ಸೋಡಾಪುಡಿ," ಎಂದುಬಿಟ್ಟಳು ಹ್ಯಾನಾ.

ಆಮೇಲೆ ತಾನು ಹೇಳಿದ್ದು ಅವಳಿಗೇ ಕೇಳಿಸಿತು. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡ ಹಾಗೆ ಅವಳ ಕೈ ತಲೆವಸ್ತ್ರಕ್ಕೆ ಹೋಯಿತು. ಅವಳೇ ಗಂಟು ಬಿಚ್ಚಿದಳು. ಸುಕ್ಕು ಮುಖದ ಸುತ್ತ ಹೊಸ ತಾಮ್ರದ ಹಂಡೆಯಂಥ ಕೆಂಪು ಕೂದಲು ಬಿತ್ತು.

ಚೀಟಿ ಪ್ರಾರ್ಥನೆ ಪುಸ್ತಕದೊಳಗಿತ್ತು. ಪಂಚರ ಸಮಕ್ಷಮ ವಶಪಡಿಸಿಕೊಳ್ಳಲಾಯಿತು. ನಾಲ್ಕೂ ಹತ್ತಕ್ಕೆ ಬಂಧನ.

ಠಾಣೆಯಲ್ಲಿ ನೋರೀನ್ ಚಹಾ ತಂದುಕೊಟ್ಟಳು. ಹ್ಯಾನಾ ಕುಡಿಯಲಿಲ್ಲ, ಲೋಟವನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಳು.

"ಯಾಕೆ ಕದ್ರಿ?"

"ಅವಳು ನನ್ನ ಮಗಳು."

ಸಾರ್ಜೆಂಟ್ ಪೆನ್ನು ಕೆಳಗಿಟ್ಟ.

"ನಂಗೆ ಹತ್ತೊಂಬತ್ತು. ಮದುವೆ ಆಗಿರ್ಲಿಲ್ಲ. ಬಸುರಿ ಅಂತ ಗೊತ್ತಾಗಿ ಅಪ್ಪ ಸನ್ಯಾಸಿನಿಯರ ಮನೇಲಿ ಬಿಟ್ಟು ಹೋದ. ಐವತ್ತೇಳರ ಜುಲೈ ಐದಕ್ಕೆ ಹುಟ್ಟಿದ್ಲು. ಐವತ್ತೊಂದು ದಿನ ಹಾಲು ಕೊಟ್ಟೆ. ಒಂದು ಬೆಳಿಗ್ಗೆ ಬಟ್ಟೆ ಒಗೀತಾ ಇದ್ದೆ, ದತ್ತು ತಗೊಳ್ಳೋರ ಕಾರು ಬಂತು. ಕಿಟಕಿಯಿಂದ ನೋಡ್ದೆ. ಅವಳ ತಲೇಲಿದ್ದ ಬಿಳಿ ಟೋಪಿ ಜಾರಿತ್ತು. ಕೆಂಪು ಕೂದಲು, ಎರಡು ಸುಳಿ. ಅಷ್ಟೇ ಕಂಡಿದ್ದು. ರೋಷೀನ್ ಅಂತ ಕರೀತಿದ್ದೆ. ಬೇರೆ ಹೆಸರು ಇಟ್ಟಿರ್ತಾರೆ."

"ಇಲ್ಲಿದ್ದಾಳೆ ಅಂತ ಯಾರು ಹೇಳಿದ್ರು?"

"ಎಷ್ಟು ಸಲ ಕೇಳಿದ್ರೂ ಕಡತ ತೋರಿಸ್ಲಿಲ್ಲ. ಮುದಿ ಸನ್ಯಾಸಿನಿ ಒಬ್ಳು ಸಾಯೋ ಮುಂಚೆ ಬಾಯಿ ಬಿಟ್ಲು, ಮಗು ವಾಯವ್ಯ ಕರಾವಳಿಗೆ ಹೋಯ್ತು ಅಂತ. ಹನ್ನೊಂದು ವರ್ಷದಿಂದ ಐದು ಊರಲ್ಲಿ ಗುಡಿಸಿದೀನಿ, ಎಲ್ಲ ಕೂದಲು ಕತ್ತರಿಸೋ ಅಂಗಡೀಲೇ. ಈ ಕಡೆ ಕೆಂಚಿಯರು ಬಚ್ಚಿಟ್ಕೊಂಡು ಬದುಕ್ತಾರೆ ಸಾರ್ಜೆಂಟ್ರೇ. ಆದ್ರೆ ಕಸಬರಿಗೆಗೆ ಎಲ್ಲ ಗೊತ್ತಾಗುತ್ತೆ. ಶನಿವಾರ ಕೊನೆಗೆ ಬಂದೋಳು ಉನಾ. ಅವಳು ಹೋದ ಮೇಲೆ ಗುಡಿಸಿದೆ. ಉದುರಿದ ಕೂದಲ ಎಳೆ ತುದೀಲಿ ಕಂದು, ಬುಡದಲ್ಲಿ ಕೆಂಪು. ಡಬ್ಬಿ ತೆಗೆದು ಚೀಟಿ ನೋಡಿದೆ. ಹೆಸರಿನ ಪಕ್ಕದಲ್ಲೇ ಬರೆದಿತ್ತು, ಐದು, ಗೆರೆ, ಏಳು. ಜುಲೈ ಐದು."

ಸಾರ್ಜೆಂಟ್ ಚೀಟಿ ನೋಡಿದ. ಉನಾ ಬೈರ್ನ್, 5/7. ಅವನೂ ಅದನ್ನು ಹುಟ್ಟಿದ ದಿನವೆಂದೇ ಓದಿಕೊಂಡಿದ್ದ.

"ಓದಿ ಡಬ್ಬಿಗೆ ಹಾಕಬಹುದಿತ್ತಲ್ಲ?"

"ಹಾಕಿ ಮನೆಗೆ ಹೋದೆ. ನಿದ್ದೆ ಬರ್ಲಿಲ್ಲ. ಭಾನುವಾರ ಪೂಜೆ ಮುಗಿಸಿ ವಾಪಸ್ ಬಂದೆ. ಅವಳ ಹೆಸರು, ಅವಳ ದಿನ, ಎರಡೂ ಒಂದೇ ಕಾಗದದಲ್ಲಿ ನನಗೆ ಯಾವತ್ತೂ ಸಿಕ್ಕಿರ್ಲಿಲ್ಲ. ಬಿಟ್ಟು ಬರೋಕೆ ಕೈ ಬರ್ಲಿಲ್ಲ."

"ಟ್ಯೂಬು?"

ಹ್ಯಾನಾ ತನ್ನ ಕೂದಲನ್ನು ಕಿವಿಯ ಹಿಂದೆ ಸರಿಸಿದಳು. ನಾಚಿಕೆಯಿಂದ ಅವಳ ಕತ್ತು ಕೆಂಪಾಯಿತು. "ಬಿಳಿ ತಲೆ ಮುದುಕಿ ಬಾಗಿಲಿಗೆ ಬಂದು ನಾನು ನಿನ್ನ ಅಮ್ಮ ಅಂದ್ರೆ ಯಾರು ನಂಬ್ತಾರೆ? ಹತ್ತೊಂಬತ್ತರಲ್ಲಿ ನನ್ನ ಕೂದಲು ಹೀಗೇ ಇತ್ತು. ನೋಡಿದ ತಕ್ಷಣ ಅವಳಿಗೆ ಗೊತ್ತಾಗ್ಲಿ ಅಂತ. ಸೋಮವಾರ ಬೆಳಿಗ್ಗೆ ಗೇಟಿನ ತನಕ ಹೋದೆ. ಆ ಮುದುಕ ಉಗಿದ. ಧೈರ್ಯ ಹೋಯ್ತು."

ಐದೂ ಕಾಲಿಗೆ, ಸ್ವತ್ತು ಗುರುತಿಸಲೆಂದು, ಸಾರ್ಜೆಂಟ್ ಚೀಟಿಯನ್ನು ಡೊಲೊರೆಸ್ ಮುಂದಿಟ್ಟ. "ಗಿರಾಕಿಗಳ ಹುಟ್ಟಿದ ದಿನವನ್ನೂ ಬರೀತೀಯಾ?"

"ಯಾವ ಹೆಂಗಸು ಹೇಳ್ತಾಳೆ? ಎಲ್ಲಿದೆ?"

ಅವನು ಬೆರಳಿಟ್ಟು ತೋರಿಸಿದ.

"ಅದಾ? ಬಣ್ಣದ ನಂಬರು. ಐದು ಅಂದ್ರೆ ತಿಳಿ, ಏಳು ಅಂದ್ರೆ ಕಂದು. ಅರ್ಧ ಊರಿನ ಚೀಟೀಲಿ ಅದೇ ಇದೆ."

ಆಮೇಲೆ ಸಾರ್ಜೆಂಟ್ ಉನಾಳ ಮನೆಗೆ ಒಬ್ಬನೇ ಹೋದ. ಎಲ್ಲವನ್ನೂ ಹೇಳಿದ. ಇಪ್ಪತ್ತೆರಡು ವರ್ಷದ ನೌಕರಿಯಲ್ಲಿ ಸಾವಿನ ಸುದ್ದಿ ಎಷ್ಟೋ ಮುಟ್ಟಿಸಿದ್ದರೂ, ಇದನ್ನು ಹ್ಯಾನಾಳಿಗೆ ಹೇಗೆ ತಿಳಿಸುವುದೆಂದು ಅವನಿಗೆ ತೋಚುತ್ತಿರಲಿಲ್ಲ. ಉನಾ ಕೈ ಒರೆಸಿಕೊಂಡು ಎದುರಿಗೆ ಕೂತಳು.

"ನಾನು ಡಿಸೆಂಬರಲ್ಲಿ ಹುಟ್ಟಿದ್ದು. ನಮ್ಮಮ್ಮನ ಅಡಿಗೆಮನೇಲಿ, ಒಂಬತ್ತನೇವಳು. ನಮ್ಮಪ್ಪನ ಗಡ್ಡವೂ ಕೆಂಪು."

"ಗೊತ್ತಾಯ್ತು."

"ನೀವು ಹೇಳ್ಬೇಡಿ. ನಾನೇ ಬರ್ತೀನಿ."

ಆರೂವರೆಗೆ ಉನಾ ಠಾಣೆಗೆ ಬಂದಳು. ಹ್ಯಾನಾ ಅವಳನ್ನು ಕಂಡು ಎದ್ದು ನಿಂತಳು, ಮತ್ತೆ ಕೂತಳು. ಉನಾ ಗಿಡ್ಡ ಸ್ಟೂಲನ್ನು ಎಳೆದು ಅವಳ ಮೊಣಕಾಲ ಮುಂದೆ ಬೆನ್ನು ತಿರುಗಿಸಿ ಕೂತು, ಪಿನ್ನುಗಳನ್ನು ಒಂದೊಂದಾಗಿ ತೆಗೆದಳು.

"ಎರಡು ಸುಳಿ ಅಂದ್ರಂತೆ. ನೋಡಿ."

ಹ್ಯಾನಾ ಕಂದು ಕೂದಲಿಗೆ ಬೆರಳಿನಿಂದ ಬೈತಲೆ ತೆಗೆದಳು. ಬುಡದಲ್ಲಿ ನೂಲಿನಷ್ಟು ಕೆಂಪು ಆಗಲೇ ಮೊಳೆತಿತ್ತು. ನಡುನೆತ್ತಿಯಲ್ಲಿ ಅವಳ ಬೆರಳು ಒಂದು ಸುತ್ತು ಬಂತು. ಎಡಕ್ಕೆ ಸರಿದು ಹುಡುಕಿತು. ಬಲಕ್ಕೆ ಸರಿದು ಹುಡುಕಿತು. ನೋರೀನ್ ಗೋಡೆಯ ಕಡೆ ತಿರುಗಿ ನಿಂತಳು.

"ಒಂದೇ," ಎಂದಳು ಹ್ಯಾನಾ.

"ಹೂಂ."

"ನಿನಗೆ ಗೊತ್ತಿತ್ತಾ?"

"ಗೊತ್ತಿತ್ತು. ಐದು–ಏಳು ಅನ್ನೋದು ಬಣ್ಣದ ನಂಬರಂತೆ. ಕೆಂಪು ಮುಚ್ಚೋದು."

ಹ್ಯಾನಾ ಕೈ ಹಿಂತೆಗೆಯಲು ಹೋದಳು. ಉನಾ ಕದಲಲಿಲ್ಲ.

"ಅವಸರ ಏನಿಲ್ಲ," ಎಂದಳು. "ಮನೇಲಿ ಅಡಿಗೆ ಆಗಿದೆ. ಬೇಕಿದ್ರೆ ಹೆಣೀರಿ."

ಹ್ಯಾನಾ ಹೆಣೆದಳು. ಮೂರು ಎಳೆ ಮಾಡಿ, ನಿಧಾನವಾಗಿ, ಒಂದು ಕೂದಲೂ ಎಳೆಯದಂತೆ. ಮಗಳ ತಲೆ ಹೆಣೆಯುವುದನ್ನು ಮೂವತ್ತೇಳು ವರ್ಷ ಮನಸ್ಸಿನಲ್ಲೇ ಕಲಿತಿದ್ದ ಕೈ ಅದು. ಅರ್ಧ ಹೆಣೆದಾಗ ಅವಳಿಗೆ ಅಳು ಬಂತು, ಅಳುತ್ತಲೇ ತುದಿಯವರೆಗೆ ಹೆಣೆದಳು.

ದೂರು ಹಿಂತೆಗೆಯುವ ಅರ್ಜಿಗೆ ಡೊಲೊರೆಸ್ ಮರುದಿನ ಬೆಳಿಗ್ಗೆ ಸಹಿ ಹಾಕಿದಳು. ಉನಾಳ ಹೇಳಿಕೆಯ ಪ್ರತಿಯಲ್ಲಿ ಒಂದು ತಿದ್ದುಪಡಿ ಇದೆ. ಚಹರೆಯ ಅಂಕಣದಲ್ಲಿ 'ಕಂದು' ಎಂದಿದ್ದನ್ನು ಅವಳೇ ಹೊಡೆದು 'ಕೆಂಪು' ಎಂದು ಬರೆದು ಸಹಿ ಮಾಡಿದ್ದಾಳೆ. ಮಾವನಿಗೆ ತಾನೇ ಹೇಳುವುದಾಗಿ ತಿಳಿಸಿದಳು.

ಹ್ಯಾನಾ ಟೋಲನ್ ನವೆಂಬರ್ ಮೊದಲ ವಾರ ಪೋರ್ಟ್‌ಬ್ರಾಕ್ ಬಿಟ್ಟಳು. ಹೋಗುವ ಮುನ್ನ ಠಾಣೆಗೆ ಬಂದು ಹೊಸ ಊರಿನ ವಿಳಾಸ ಬರೆಸಿದಳು, ಕರಾವಳಿಯಲ್ಲೇ ಉತ್ತರಕ್ಕೆ ಮೂವತ್ತು ಮೈಲಿ. ಅಲ್ಲೂ ಅಂಥದೇ ಒಂದು ಅಂಗಡಿಯಲ್ಲಿ ಗುಡಿಸುವ ಕೆಲಸ. ಅವಳ ತಲೆಯ ಬುಡದಲ್ಲಿ ಬಿಳಿ ಮೊಳೆಯಲು ಶುರುವಾಗಿತ್ತು.

"ಬಣ್ಣ ಹೋಗ್ತಾ ಇದೆ ಹ್ಯಾನಾಮ್ಮ," ಎಂದಳು ನೋರೀನ್.

"ಮತ್ತೆ ಹಚ್ಕೋಬೇಕು," ಎಂದಳು ಹ್ಯಾನಾ. "ಈ ಸಲ ಕೊಂಡುಕೊಂಡು."