ಅಜ್ಜ ಹರಿಯದ ಟಿಕೆಟು

"ಹನ್ನೊಂದೇ ಜನ!" ಆಫೀಸರು ಲೆಕ್ಕದ ಪುಸ್ತಕವನ್ನು ಪಟ್ಟನೆ ಮುಚ್ಚಿದರು. "ಬೆಳಗಿನ ಟ್ರಿಪ್ಪಿಗೆ ದಿನಾ ಇಷ್ಟೇನಾ? ಡೀಸೆಲ್ ಖರ್ಚೂ ಹುಟ್ಟಲ್ಲ ಯಜಮಾನ್ರೇ. ಸೋಮವಾರದಿಂದ ನಾನೇ ನಿಂತು ನೋಡ್ತೀನಿ. ಟಿಕೆಟ್ ಜಾಸ್ತಿ ಆಗ್ಲಿಲ್ಲ ಅಂದ್ರೆ ಬೆಳಗಿನ ಲಾಂಚ್ ಬಂದ್."

ಅಜ್ಜ ಆ ಸರ್ಕಾರಿ ಲಾಂಚಿನ ಟಿಕೆಟ್ ಮಾಸ್ತರು. ಮೂವತ್ತು ವರ್ಷದಿಂದ ಊರಿಗೆ ಊರನ್ನೇ ನದಿ ದಾಟಿಸಿದವರು, ಈಗ ತಲೆ ತಗ್ಗಿಸಿ ಚಿಲ್ಲರೆ ಎಣಿಸತೊಡಗಿದರು.

ಬಾಗಿಲ ಬಳಿ ನಿಂತಿದ್ದ ಮೊಮ್ಮಗಳಿಗೆ ಮಾತ್ರ ಬಾಯಿ ತುರಿಸುತ್ತಿತ್ತು. ಅವಳನ್ನು ಎಲ್ಲರೂ ಜೀರುಂಡೆ ಎಂದು ಕರೆಯುವುದು ಸುಮ್ಮನೆ ಅಲ್ಲ. ಹನ್ನೊಂದಂತೆ ಹನ್ನೊಂದು! ಬೆಳಿಗ್ಗೆ ಲಾಂಚಿನಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಆಚೆ ದಡದ ಸ್ಕೂಲಿಗೆ ಹೋಗುವ ಮಕ್ಕಳೇ ನಲವತ್ತು!

ಆಫೀಸರು ಹೋದದ್ದೇ ತಡ, ಕೇಳಿಯೇಬಿಟ್ಟಳು. "ಅಜ್ಜಾ, ನಾವೇನು ಲೆಕ್ಕಕ್ಕಿಲ್ವಾ?"

"ಸ್ಕೂಲ್ ಮಕ್ಕಳಿಗೆ ಫ್ರೀ ಅಲ್ವೇನೇ." ಅಜ್ಜ ಡ್ರಾಯರ್ ಎಳೆದರು. ಒಳಗೆ ಗುಲಾಬಿ ಬಣ್ಣದ ಟಿಕೆಟ್ ಕಟ್ಟುಗಳು, ಒಂದೂ ಹರಿಯದೆ ಹಾಗೇ ಇದ್ದವು. "ಇವು ನಿಮ್ದು. ಎಷ್ಟು ಹರೀತೀವೋ ಅಷ್ಟಕ್ಕೆ ಸರ್ಕಾರ ಲಾಂಚಿಗೆ ದುಡ್ಡು ಕೊಡುತ್ತೆ."

"ಮತ್ತೆ ಯಾಕೆ ಹರೀಲಿಲ್ಲ?"

ಅಜ್ಜ ನಕ್ಕರು. ಆದರೆ ಕಣ್ಣು ಒದ್ದೆಯಾಗಿತ್ತು. "ನಿಮ್ಮಮ್ಮ ಮೊದಲ್ನೇ ದಿನ ಸ್ಕೂಲಿಗೆ ಹೊರಟಾಗ, ನೀರು ನೋಡಿ ಹೋ ಅಂತ ಅತ್ಲು. ಟಿಕೆಟ್ ಬದಿಗಿಟ್ಟು, ತಲೆ ಮೇಲೆ ಕೈಯಿಟ್ಟು 'ಹತ್ಕೋ ಕಂದಾ' ಅಂದೆ. ಹಿಂದಿದ್ದ ಮಕ್ಕಳೆಲ್ಲ ನಂಗೂ ನಂಗೂ ಅಂತ ತಲೆ ಬಗ್ಗಿಸಿದ್ವು. ಅವತ್ತಿಂದ ಅದೇ ಟಿಕೆಟ್ ಆಗೋಯ್ತು ಕಣೇ. ಲಾಂಚಿಗೇ ಕುತ್ತು ಬರುತ್ತೆ ಅಂತ ಹೊಳೀಲೇ ಇಲ್ಲ."

ಜೀರುಂಡೆಯ ಕೈ ತಾನಾಗೇ ನೆತ್ತಿಗೆ ಹೋಯಿತು. ಅವಳ ತಲೆಯನ್ನೂ ಅಜ್ಜ ದಿನಾ ಮುಟ್ಟುತ್ತಿದ್ದರಲ್ಲ!

ಸೋಮವಾರ ಬೆಳಿಗ್ಗೆ ಲಾಂಚ್ ಹತ್ತುವ ಹಲಗೆಯ ಪಕ್ಕ ಆಫೀಸರು ಪೆನ್ನು ಹಿಡಿದು ನಿಂತಿದ್ದರು. ಮಕ್ಕಳ ಸಾಲಿನಲ್ಲಿ ಜೀರುಂಡೆಯೇ ಮೊದಲು. ಅವಳು ತಲೆ ಬಗ್ಗಿಸಲಿಲ್ಲ, ಕೈ ಚಾಚಿದಳು.

"ಟಿಕೆಟ್ ಕೊಡು ಅಜ್ಜ."

ಅಜ್ಜ ಒಂದು ಗಳಿಗೆ ಅವಳನ್ನೇ ನೋಡಿದರು. ಆಮೇಲೆ ಪರ್ರನೆ ಹರಿದು ಕೊಟ್ಟರು. ಹಿಂದಿದ್ದವರೂ ಕೈ ಚಾಚಿದರು. ಒಂದು ಕೈಯಲ್ಲಿ ಟಿಕೆಟ್ ಕಟ್ಟು, ಇನ್ನೊಂದರಲ್ಲಿ ಹರಿದ ಟಿಕೆಟ್ಟು. ತಲೆ ಮುಟ್ಟಲು ಅಜ್ಜನಿಗೆ ಕೈಯೇ ಬಿಡುವಿರಲಿಲ್ಲ. ಜೀರುಂಡೆಗೆ ನೆತ್ತಿ ಬರಿದಾದಂತೆ ಅನಿಸಿತು. ಆ ಒರಟು ಅಂಗೈ ನಾಳೆಯೂ ಬರುವುದಿಲ್ಲ.

"ಮೂವತ್ತೊಂಬತ್ತು... ನಲವತ್ತು!" ಆಫೀಸರು ಹುಬ್ಬೇರಿಸಿ ಬರೆದುಕೊಂಡರು.

ನಲವತ್ತನೆಯವಳು ಒಂದನೇ ಕ್ಲಾಸಿನ ಪುಟ್ಟಿ. ಟಿಕೆಟ್ ಕೈಗೆ ಬಂದರೂ ಹತ್ತಲಿಲ್ಲ. ತಲೆ ಬಗ್ಗಿಸಿಕೊಂಡು ನಿಂತೇ ಇದ್ದಳು. ಲಾಂಚ್ ಹಾರ್ನ್ ಹೊಡೆಯಿತು.

ಜೀರುಂಡೆ ಹಲಗೆ ಇಳಿದು ಬಂದಳು. ಪುಟ್ಟಿಯ ತಲೆಯ ಮೇಲೆ ಕೈಯಿಟ್ಟಳು.

"ಹತ್ಕೋ ಕಂದಾ."