ಪುಡಿ ಇದೆಯಾ?

"ಇಬ್ಬರ ನಡುವೆ ಕೂತ್ಕೊ. ಬಾಯಿ ಬಿಡಬ್ಯಾಡ," ಎಂದು ಅಮ್ಮ ಪೂಂಗೊಡಿಯನ್ನು ಹಿತ್ತಲ ಬೆಂಚಿನ ಮೇಲೆ ಕೂರಿಸಿ ಒಳಗೆ ಹೋದಳು.

ಬೆಂಚಿನ ಈ ತುದಿಯಲ್ಲಿ ಅಕ್ಕ ಪ್ರಮೀಳಾ. ಆ ತುದಿಯಲ್ಲಿ, ಅವಳನ್ನು ನೋಡಲು ಸೇಲಂನಿಂದ ಬಂದ ಇಳಂಗೋ. ಹುಡುಗಿಯ ಜೊತೆ ಹತ್ತು ನಿಮಿಷ ಮಾತಾಡಬೇಕು ಎಂದು ಅವನೇ ಹಟ ಹಿಡಿದಿದ್ದ. "ನಾವು ತಾಳಿ ಕಟ್ಟಿಸಿಕೊಂಡ ಮೇಲೇ ಮುಖ ನೋಡಿದ್ದು," ಎಂದು ಅವನ ತಾಯಿ ಗೊಣಗಿದ್ದಳು. ಕೊನೆಗೆ, ಐದನೇ ಕ್ಲಾಸಿನ ಪೂಂಗೊಡಿ ಕಾವಲಿಗಿದ್ದರೆ ಆಗಲಿ ಎಂದು ಹಿರಿಯರು ಒಪ್ಪಿದ್ದರು.

ಅಕ್ಕನಿಗೆ ಅವನು ಇಷ್ಟವಾಗಿದ್ದ. ಫೋಟೊ ಬಂದ ದಿನದಿಂದ ಅದನ್ನು ಟೈಪಿಂಗ್ ಪುಸ್ತಕದೊಳಗಿಟ್ಟುಕೊಂಡು ದಿನಕ್ಕೆ ಆರು ಸಲ ಟೈಪಿಂಗ್ ಓದುತ್ತಿದ್ದಳು. ಈಗ ನೋಡಿದರೆ ಬಾಯಿಗೆ ಬೀಗ.

ಎಂಟು ನಿಮಿಷ ಇಬ್ಬರೂ ಪಕ್ಕದ ಮನೆಯ ಕೋಳಿಯನ್ನೇ ನೋಡಿದರು. ಆಮೇಲೆ ಇಳಂಗೋ ಗಂಟಲು ಸರಿಮಾಡಿಕೊಂಡು, ತಮಿಳಿನಲ್ಲಿ ಮೆಲ್ಲಗೆ, "ಪುಡಿಚ್ಚಿರುಕ್ಕಾ?" ಅಂದ. ನಾನು ಹಿಡಿಸಿದೆನಾ ಎಂದು ಕೇಳಿದ್ದು ಪಾಪ.

ಪೂಂಗೊಡಿಗೆ ಗಾಬರಿಯಾಯಿತು. ತಾತನ ಕಾಲದಿಂದ ಹುಣಸೂರಿನಲ್ಲೇ ಇರುವ ಅವರ ಮನೆಯ ತಮಿಳಿನಲ್ಲಿ ಅರ್ಧ ಕನ್ನಡವೇ. ಅವಳಿಗೆ ಕೇಳಿಸಿದ್ದು 'ಪುಡಿ ಇರುಕ್ಕಾ', ಅಂದರೆ ಪುಡಿ ಇದೆಯಾ ಅಂತ. ಒಂಬತ್ತು ಜನಕ್ಕೆ ಕಾಫಿ ಮಾಡಿ ಪುಡಿ ಡಬ್ಬ ಆಗಲೇ ಖಾಲಿ. ಅಕ್ಕನೋ ತುಟಿ ಬಿಚ್ಚುತ್ತಿಲ್ಲ. ಸುಳ್ಳು ಹೇಳುವುದು ಹೇಗೆ?

"ಇಲ್ಲೈ. ಮುಡಿಂಜು ಪೋಚ್ಚು," ಅಂದಳು. ಇಲ್ಲ, ಮುಗಿದೇ ಹೋಯಿತು.

ಇಳಂಗೋ ಮುಖ ಬಾಡಿತು. "ಅಕ್ಕ ಹಾಗಂದಳಾ?"

"ಅಮ್ಮನೂ ಅಂದಳು. ಬೇಕಾದ್ರೆ ಪಕ್ಕದ್ಮನೆ ಚಿಕ್ಕಬೀರಮ್ಮನ್ನ ಕೇಳ್ಲಾ?"

ತನ್ನ ಹೆಸರು ಕೇಳಿ ಅರವತ್ತು ವರ್ಷದ ಚಿಕ್ಕಬೀರಮ್ಮ ಬೇಲಿಯ ಮೇಲೆ ತಲೆ ತೂರಿಸಿದಳು. "ಅದ್ಕೇನವ್ವ, ನಂದೇನೂ ಅಡ್ಡಿ ಇಲ್ಲ ಬುಡು," ಎಂದು ಇಳಂಗೋನನ್ನು ನೋಡಿ ನಕ್ಕಳು.

ಇಳಂಗೋ ಎದ್ದು ಚಪ್ಪಲಿ ಹುಡುಕತೊಡಗಿದ.

"ಪುಡಿಚ್ಚಿರುಕ್ಕು!" ಅಕ್ಕ ಕೂಗಿಯೇಬಿಟ್ಟಳು. "ನನಗೆ ಇಷ್ಟ. ಇವಳು ಹೇಳಿದ್ದು ಕಾಫಿ ಪುಡಿ ವಿಷಯ."

ಒಳಗೆ ಲೋಟಗಳ ಸದ್ದು ನಿಂತಿತು. "ಹುಡುಗಿಯೇ ಹೇಳಿಬಿಟ್ಟಳಾ?" ಎಂದು ಯಾರೋ ಕೇಳಿದರು. ಇಳಂಗೋ ಒಂದೇ ಚಪ್ಪಲಿ ಮೆಟ್ಟಿಕೊಂಡು ಮತ್ತೆ ಬೆಂಚಿಗೆ ಬಂದ. ಅಕ್ಕ ನಗುತ್ತಿದ್ದಳು. ಪೂಂಗೊಡಿಯ ತಲೆಯ ಮೇಲಿಂದ ಅವನನ್ನೇ ನೋಡುತ್ತಿದ್ದಳು, ನಡುವೆ ಯಾರೂ ಇಲ್ಲವೇನೋ ಎಂಬಂತೆ.

ಹಾಗಾದರೆ ಅಕ್ಕ ಹೋಗುತ್ತಾಳೆ. ಪೂಂಗೊಡಿಗೆ ಅಳು ಬಂತು. ನಾಳೆಯಿಂದ ನನ್ನ ಜಡೆ ಯಾರು ಹಾಕುತ್ತಾರೆ ಎಂದು ಕೇಳಬೇಕೆನಿಸಿತು.

ಆದರೆ ಮೆಲ್ಲಗೆ ಎದ್ದು, ಒಗೆಯುವ ಕಲ್ಲಿನ ಹತ್ತಿರ ಹೋಗಿ, ಅವರಿಗೆ ಬೆನ್ನು ಹಾಕಿ ಕೂತಳು.